ಸಾಕಿದ ಸರೀಸೃಪಗಳ ನೀರು, ಹೊಟ್ಟೆ, ಹಿಕ್ಕೆ: ಪದೇ ಪದೇ ಕೇಳುವ ಪ್ರಶ್ನೆಗಳು

ಬಿಯರ್ಡೆಡ್ ಡ್ರ್ಯಾಗನ್, ಲೆಪರ್ಡ್ ಗೆಕ್ಕೊ, ಇಗ್ವಾನಾ ಅನ್ನುವ ಹಲ್ಲಿಗಳು, ಬಾಲ್ ಪೈಥಾನ್ ಅನ್ನುವ ಹೆಬ್ಬಾವು, ನೀರಲ್ಲಿರುವ ಕೆಂಪು ಕಿವಿಯ ಸ್ಲೈಡರ್ ಆಮೆ, ನೆಲದ ಮೇಲಿರುವ ಸುಲ್ಕಾಟಾ ಆಮೆ. ನಮ್ಮ ಕಡೆ ಮನೆಗಳಲ್ಲಿ ಕಾಣುವ ಸರೀಸೃಪಗಳು ಹೆಚ್ಚಾಗಿ ಇವೇ. ಸಾಕುವವರ ಪ್ರಶ್ನೆಗಳೂ ಹೆಚ್ಚಾಗಿ ಎರಡೇ: "ನೀರು ಕುಡೀತಿಲ್ಲ", "ಕಕ್ಕ ಮಾಡ್ತಿಲ್ಲ". ಬೇರೆ ಬೇರೆ ಅನ್ನಿಸಿದರೂ ಈ ಎರಡು ತೊಂದರೆಗಳ ಬೇರು ಬಹಳ ಸಲ ಒಂದೇ ಕಡೆ ಇರುತ್ತದೆ.

ನನ್ನ ಹಲ್ಲಿ ನೀರು ಕುಡಿಯುವುದನ್ನು ನಾನು ನೋಡೇ ಇಲ್ಲ. ಮೈಗೆ ನೀರು ಸಾಲುತ್ತಿದೆಯಾ ಅಂತ ಹೇಗೆ ತಿಳಿಯುವುದು?

ಹಿಕ್ಕೆ ನೋಡಿ. ಅಸಹ್ಯ ಪಡಬೇಡಿ, ಇದಕ್ಕಿಂತ ಒಳ್ಳೆಯ ಪರೀಕ್ಷೆ ಮನೆಯಲ್ಲಿ ಇನ್ನೊಂದಿಲ್ಲ.

ಆರೋಗ್ಯವಾಗಿರುವ ಹಲ್ಲಿಯ ಹಿಕ್ಕೆಯಲ್ಲಿ ಮೂರು ಭಾಗ ಇರುತ್ತದೆ. ಕಂದು ಅಥವಾ ಕಪ್ಪು ಬಣ್ಣದ ಮಲ, ಅದರ ಪಕ್ಕದಲ್ಲಿ ಬಿಳಿ ಮುದ್ದೆ, ಸುತ್ತ ಸ್ವಲ್ಪ ತಿಳಿ ನೀರು. ಆ ಬಿಳಿ ಮುದ್ದೆ ಯೂರೇಟ್. ನಮ್ಮ ಕಿಡ್ನಿ ನೀರು ಕಡಿಮೆಯಾದಾಗ ಮೂತ್ರವನ್ನು ಗಟ್ಟಿ ಮಾಡಿ ನೀರು ಉಳಿಸುತ್ತದೆ. ಸರೀಸೃಪಗಳ ಕಿಡ್ನಿಗೆ ರಕ್ತಕ್ಕಿಂತ ಗಟ್ಟಿಯಾದ ಮೂತ್ರ ಮಾಡುವ ಶಕ್ತಿ ಇಲ್ಲ. ಅದಕ್ಕೇ ಒಣ ಜಾಗದ ಜಾತಿಗಳು ಬೇರೆ ದಾರಿ ಹಿಡಿದಿವೆ: ಮೈಯೊಳಗಿನ ಕಸವನ್ನು ಯೂರಿಕ್ ಆಮ್ಲವಾಗಿ ಮಾಡಿ, ನೀರನ್ನೆಲ್ಲ ಹಿಂದಕ್ಕೆ ಹೀರಿಕೊಂಡು, ಬಿಳಿ ಹಿಟ್ಟಿನಂತೆ ಹೊರಗೆ ಹಾಕುತ್ತವೆ.

ಈ ಬಿಳಿ ಭಾಗ ಮೆತ್ತಗಿದ್ದರೆ ಚಿಂತೆ ಇಲ್ಲ. ಹಳದಿ ಅಥವಾ ಕಿತ್ತಳೆ ಬಣ್ಣಕ್ಕೆ ತಿರುಗಿ, ಬೆರಳಲ್ಲಿ ಉಜ್ಜಿದರೆ ಮರಳಿನಂತೆ ಒರಟಾಗಿದ್ದರೆ ನೀರು ಸಾಲುತ್ತಿಲ್ಲ ಅಂತ ಅರ್ಥ. ಹಸಿರಾಗಿದ್ದರೆ ಅದು ಬೇರೆ ಕಥೆ. ಲಿವರ್ ತೊಂದರೆ ಇರಬಹುದು, ಡಾಕ್ಟರಿಗೆ ತೋರಿಸಿ.

ಇನ್ನು ಕೆಲವು ಗುರುತುಗಳಿವೆ. ಕಣ್ಣು ಒಳಗೆ ಹೋಗುವುದು, ಬಾಯೊಳಗೆ ಎಂಜಲು ಅಂಟಂಟಾಗಿ ನೂಲಿನಂತೆ ಎಳೆಯುವುದು, ಪೊರೆ ತುಂಡು ತುಂಡಾಗಿ ಬಿಡುವುದು. ಚರ್ಮ ಎಳೆದು ನೋಡುವ ನಾಯಿ ಬೆಕ್ಕಿನ ಪರೀಕ್ಷೆಯನ್ನು ಇಲ್ಲಿ ನಂಬಬೇಡಿ. ಚೆನ್ನಾಗಿರುವ ಇಗ್ವಾನಾದ ಕತ್ತಲ್ಲೂ ಸುಕ್ಕು ಇದ್ದೇ ಇರುತ್ತದೆ.

ಬಟ್ಟಲಲ್ಲಿ ನೀರಿಟ್ಟರೂ ತಿರುಗಿ ನೋಡುವುದಿಲ್ಲ. ಏನು ಮಾಡಲಿ?

ಯಾವ ಪ್ರಾಣಿ ಅನ್ನುವುದರ ಮೇಲೆ ಹೋಗುತ್ತದೆ. ಹಾವುಗಳು ಬಟ್ಟಲಿಂದ ಚೆನ್ನಾಗಿಯೇ ಕುಡಿಯುತ್ತವೆ, ನೀವು ನಿದ್ದೆ ಮಾಡುವಾಗ. ಲೆಪರ್ಡ್ ಗೆಕ್ಕೊ ಕೂಡ ರಾತ್ರಿ ನೆಕ್ಕುತ್ತದೆ. ಬಿಯರ್ಡೆಡ್ ಡ್ರ್ಯಾಗನ್ ಆಸ್ಟ್ರೇಲಿಯಾದ ಒಳನಾಡಿನದು. ಅಲ್ಲಿ ನಿಂತ ನೀರು ಸಿಗುವುದು ಅಪರೂಪ. ಅದಕ್ಕೆ ನಿಂತ ನೀರಿಗಿಂತ ಅಲುಗಾಡುವ ನೀರು ಬೇಗ ಕಾಣುತ್ತದೆ. ಮೂಗಿನ ತುದಿಗೆ ಡ್ರಾಪರ್‌ನಿಂದ ಒಂದೊಂದೇ ಹನಿ ಬಿಡಿ, ನಾಲಿಗೆ ಚಾಚುತ್ತದೆ. ಬಾಯಿ ತೆರೆಸಿ ಸುರಿಯಬೇಡಿ, ನೀರು ಶ್ವಾಸಕೋಶಕ್ಕೆ ಹೋಗುತ್ತದೆ.

ಗೋಸುಂಬೆ ಜಾತಿಯವು ಎಲೆ ಮೇಲಿನ ಹನಿಯನ್ನೇ ನೆಕ್ಕುತ್ತವೆ. ಬಟ್ಟಲಲ್ಲಿ ನೀರಿದ್ದರೂ ಬಾಯಾರಿ ಸಾಯಬಲ್ಲವು. ಅವಕ್ಕೆ ಸ್ಪ್ರೇ ಅಥವಾ ಹನಿ ಹನಿಯಾಗಿ ಬೀಳುವ ಡ್ರಿಪ್ಪರ್ ಬೇಕೇ ಬೇಕು.

ಸೊಪ್ಪು ತಿನ್ನುವ ಪ್ರಾಣಿಗಳಿಗೆ ನೀರಿನ ದೊಡ್ಡ ಪಾಲು ಸೊಪ್ಪಿನಿಂದಲೇ ಸಿಗುತ್ತದೆ. ತೊಳೆದ ಸೊಪ್ಪನ್ನು ಕೊಡವಿ ಒಣಗಿಸದೆ, ಹನಿ ಸಮೇತ ಕೊಡಿ. ಇಷ್ಟರಿಂದಲೇ ಎಷ್ಟೋ ಇಗ್ವಾನಾಗಳ ಸಮಸ್ಯೆ ಮುಗಿಯುತ್ತದೆ.

ಬೆಚ್ಚಗಿನ ನೀರಲ್ಲಿ ಕೂರಿಸಿದರೆ ಚರ್ಮದಿಂದ ನೀರು ಹೀರಿಕೊಳ್ಳುತ್ತದಂತೆ, ನಿಜವಾ?

ಕಪ್ಪೆಗಳ ವಿಷಯದಲ್ಲಿ ನಿಜ. ಸರೀಸೃಪಗಳ ಚರ್ಮ ನೀರು ತಡೆಯುವುದಕ್ಕೇ ಇರುವುದು. ಆಮೆಗಳು ಹಿಂಭಾಗದ ದ್ವಾರದ ಮೂಲಕ ಸ್ವಲ್ಪ ನೀರು ಒಳಗೆ ಎಳೆದುಕೊಳ್ಳಬಲ್ಲವು. ಹಲ್ಲಿಗಳೂ ಹಾಗೆ ಮಾಡುತ್ತವೆ ಅಂತ ತುಂಬ ಜನ ಹೇಳುತ್ತಾರೆ, ಆದರೆ ಅದಕ್ಕೆ ಗಟ್ಟಿ ಆಧಾರ ಇಲ್ಲ.

ಹಾಗಂತ ಸ್ನಾನ ದಂಡ ಅಲ್ಲ. ನೀರಲ್ಲಿ ಕೂತಾಗ ಹಲ್ಲಿ ಬಾಯಿ ಅದ್ದಿ ಕುಡಿಯುತ್ತದೆ, ಬೆಚ್ಚಗಾಗುತ್ತದೆ, ಕರುಳು ಚುರುಕಾಗಿ ಹಿಕ್ಕೆಯನ್ನೂ ಹಾಕುತ್ತದೆ. ನೀರು 30ರಿಂದ 33 ಡಿಗ್ರಿ ಇರಲಿ, ಉಗುರು ಬೆಚ್ಚಗೆ. ಆಳ ಮುಂಗಾಲಿನ ಭುಜದವರೆಗೆ ಸಾಕು. 15-20 ನಿಮಿಷ, ಪಕ್ಕದಲ್ಲೇ ಇರಿ. ಹಿಕ್ಕೆ ಹಾಕಿದ ತಕ್ಷಣ ನೀರು ಬದಲಿಸಿ, ಇಲ್ಲದಿದ್ದರೆ ಅದನ್ನೇ ಕುಡಿಯುತ್ತದೆ. ಆಮೇಲೆ ಒರೆಸಿ, ಬಲ್ಬಿನ ಕೆಳಗೆ ಬಿಡಿ.

ಅಡಿಗೆಮನೆ ಸಿಂಕ್ ಬೇಡ. ಒಂದು ಪ್ಲಾಸ್ಟಿಕ್ ಟಬ್ ಅದಕ್ಕೆಂದೇ ಇರಲಿ. ಸರೀಸೃಪಗಳ ಹೊಟ್ಟೆಯಲ್ಲಿ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾ ಇರುವುದು ಮಾಮೂಲು, ಅವಕ್ಕೆ ಅದರಿಂದ ಏನೂ ಆಗದು. ಮಕ್ಕಳಿಗೆ ಆಗುತ್ತದೆ. 4 ಇಂಚಿಗಿಂತ ಚಿಕ್ಕ ಚಿಪ್ಪಿನ ಆಮೆಗಳ ಮಾರಾಟವನ್ನು ಅಮೆರಿಕ 1975ರಲ್ಲೇ ನಿಷೇಧಿಸಿದ್ದು ಇದೇ ಕಾರಣಕ್ಕೆ. ಮುಟ್ಟಿದ ಮೇಲೆ ಸೋಪು ಹಾಕಿ ಕೈ ತೊಳೆಯಿರಿ. 5 ವರ್ಷದೊಳಗಿನ ಮಕ್ಕಳಿಂದ ದೂರ ಇಡಿ.

ನಮ್ಮ ಊರಿನ ಹವೆಗೆ ತೇವಾಂಶ ಎಷ್ಟು ಕೊಡಬೇಕು?

ಊರು ಯಾವುದು ಹೇಳಿ ಮೊದಲು! ಮಂಗಳೂರಿನ ಮಳೆಗಾಲದಲ್ಲಿ ಬಾಲ್ ಪೈಥಾನ್‌ಗೆ ನೀವು ಸ್ಪ್ರೇ ಮಾಡುವ ಅಗತ್ಯವೇ ಬರಲಿಕ್ಕಿಲ್ಲ. ಆದರೆ ಅದೇ ಹವೆಯಲ್ಲಿ ಬಿಯರ್ಡೆಡ್ ಡ್ರ್ಯಾಗನ್‌ಗೆ ಉಸಿರಾಟದ ಸೋಂಕು ಬರಬಹುದು. ಕಲಬುರಗಿಯ ಏಪ್ರಿಲ್‌ನಲ್ಲಿ ಇದು ತಲೆಕೆಳಗು.

ಅಂದಾಜಿಗೆ: ಬಿಯರ್ಡೆಡ್ ಡ್ರ್ಯಾಗನ್‌ಗೆ 30-40 ಶೇಕಡಾ. ಲೆಪರ್ಡ್ ಗೆಕ್ಕೊಗೂ ಅಷ್ಟೇ, ಆದರೆ ಅದಕ್ಕೆ ಒಂದು ತೇವದ ಗೂಡು ಕಡ್ಡಾಯ. ಮುಚ್ಚಳದ ಡಬ್ಬಿಗೆ ತೂತು ಕೊರೆದು, ಒಳಗೆ ಒದ್ದೆ ತೆಂಗಿನ ನಾರಿನ ಪುಡಿ ತುಂಬಿದರೆ ಆಯಿತು. ಇದಿಲ್ಲದ ಗೆಕ್ಕೊಗಳ ಬೆರಳ ತುದಿಯಲ್ಲಿ ಪೊರೆ ಸಿಕ್ಕಿಕೊಂಡು, ರಕ್ತ ಓಡದೆ, ಬೆರಳೇ ಉದುರಿಹೋಗುತ್ತದೆ. ಬಾಲ್ ಪೈಥಾನ್‌ಗೆ 60-70, ಪೊರೆ ಬಿಡುವ ಹೊತ್ತಿಗೆ ಇನ್ನೂ ಸ್ವಲ್ಪ ಜಾಸ್ತಿ. ಇಗ್ವಾನಾಗೆ 60-80.

ಎಸಿ ಹಾಕಿದ ರೂಮು ಎಲ್ಲಕ್ಕಿಂತ ಕಷ್ಟ. ಗಾಳಿ ಒಣಗುತ್ತದೆ, ತಣ್ಣಗೂ ಆಗುತ್ತದೆ, ಎರಡೂ ಕಡೆಯಿಂದ ಪೆಟ್ಟು.

ಬೋರ್‌ವೆಲ್ ನೀರು ಕೊಡಬಹುದಾ? ಆರ್‌ಒ ನೀರು?

ನೀವು ಕುಡಿಯುವ ನೀರು ಅವಕ್ಕೂ ಆಗುತ್ತದೆ. ಗಡಸು ಬೋರ್‌ವೆಲ್ ನೀರಿನಿಂದ ಸ್ಲೈಡರ್ ಆಮೆಯ ಚಿಪ್ಪಿನ ಮೇಲೆ ಬಿಳಿ ಸುಣ್ಣದ ಪದರ ಕೂರಬಹುದು, ಅದು ರೋಗ ಅಲ್ಲ. ನಲ್ಲಿ ನೀರಲ್ಲಿ ಕ್ಲೋರಿನ್ ವಾಸನೆ ಬಂದರೆ ಅಗಲ ಬಾಯಿಯ ಬಕೆಟ್‌ನಲ್ಲಿ ಒಂದು ದಿನ ಬಿಟ್ಟು ಬಳಸಿ. ಬಟ್ಟಲಿನ ನೀರು ದಿನಾ ಬದಲಾಗಬೇಕು, ಬಟ್ಟಲನ್ನೂ ಉಜ್ಜಬೇಕು. ಒಳಗೆ ಬೆರಳಾಡಿಸಿದಾಗ ಲೋಳೆ ಲೋಳೆ ಅನ್ನಿಸಿದರೆ ಅದು ಬ್ಯಾಕ್ಟೀರಿಯಾ ಪದರ.

ತಿಂದದ್ದು ಜೀರ್ಣ ಆಗುತ್ತಿಲ್ಲ ಅನ್ನಿಸುತ್ತದೆ. ಯಾವ ಔಷಧ ಕೊಡಲಿ?

ಔಷಧಕ್ಕೆ ಮೊದಲು ಥರ್ಮಾಮೀಟರ್ ತನ್ನಿ.

ನಾವು ತಿಂದ ಅನ್ನವನ್ನೇ ಸುಟ್ಟು ಮೈ ಬಿಸಿ ಇಟ್ಟುಕೊಳ್ಳುತ್ತೇವೆ. ಸರೀಸೃಪಗಳಿಗೆ ಬಿಸಿ ಹೊರಗಿನಿಂದ ಬರಬೇಕು. ಬಿಸಿ ಇಲ್ಲದೆ ಹೊಟ್ಟೆಯ ಕಿಣ್ವಗಳು ಕೆಲಸ ಮಾಡುವುದಿಲ್ಲ, ಕರುಳು ಅಲುಗುವುದಿಲ್ಲ, ರೋಗನಿರೋಧಕ ಶಕ್ತಿಯೂ ಮಲಗುತ್ತದೆ. ತಣ್ಣಗಿರುವ ಹಾವಿಗೆ ಇಲಿ ಕೊಡುವುದು ಆರಿದ ಒಲೆ ಮೇಲೆ ಅಕ್ಕಿ ಇಟ್ಟ ಹಾಗೆ. ಬೇಯುವುದಿಲ್ಲ, ಕೊಳೆಯುತ್ತದೆ.

ಬಿಯರ್ಡೆಡ್ ಡ್ರ್ಯಾಗನ್ ಮೈ ಕಾಯಿಸುವ ಕಲ್ಲಿನ ಮೇಲೆ 38ರಿಂದ 42 ಡಿಗ್ರಿ ಬೇಕು, ತಂಪು ಮೂಲೆಯಲ್ಲಿ 24-27. ಇಗ್ವಾನಾಗೆ ಕಾಯಿಸುವ ಕೊಂಬೆ ಮೇಲೆ 35-38. ಲೆಪರ್ಡ್ ಗೆಕ್ಕೊಗೂ ಬಾಲ್ ಪೈಥಾನ್‌ಗೂ ಬಿಸಿ ಬದಿ 31-33. ಎರಡು ಬದಿ ಇರುವುದು ಮುಖ್ಯ. ಎಲ್ಲಿ ಕೂರಬೇಕು ಅಂತ ಪ್ರಾಣಿಯೇ ನಿರ್ಧರಿಸಬೇಕು. ಇಡೀ ಟ್ಯಾಂಕ್ ಒಂದೇ ಬಿಸಿ ಇದ್ದರೆ ಅದೂ ತಪ್ಪೇ, ನೀರು ಬೇಗ ಆರಿಹೋಗುತ್ತದೆ.

ಬೆಂಗಳೂರಿನವರು ಇಲ್ಲಿ ಎಡವುತ್ತಾರೆ. "ನಮ್ಮದು ಒಳ್ಳೆ ಹವೆ ಅಲ್ವಾ, ಬಲ್ಬ್ ಯಾಕೆ?" ಅನ್ನುತ್ತಾರೆ. ಆ ಒಳ್ಳೆ ಹವೆ ನಮಗೆ ಒಳ್ಳೆಯದು. ಡಿಸೆಂಬರ್, ಜನವರಿಯ ರಾತ್ರಿ 15 ಡಿಗ್ರಿಯ ಆಸುಪಾಸಿಗೆ ಇಳಿಯುವ ಊರಲ್ಲಿ ಪಶ್ಚಿಮ ಆಫ್ರಿಕಾದ ಹೆಬ್ಬಾವಿಗೆ ಹೊಟ್ಟೆ ಹೇಗೆ ನಡೆಯಬೇಕು? ಹೀಟಿಂಗ್ ಪ್ಯಾಡ್ ಅಥವಾ ಸೆರಾಮಿಕ್ ಹೀಟರ್ ಹಾಕಿ, ಬಿಸಿ ಮಿತಿ ಮೀರದಂತೆ ತಡೆಯುವ ಥರ್ಮೋಸ್ಟಾಟ್ ಜೊತೆಗೆ. ಥರ್ಮೋಸ್ಟಾಟ್ ಇಲ್ಲದ ಹೀಟರ್ ಹಾವಿನ ಹೊಟ್ಟೆ ಸುಡುತ್ತದೆ. ಅಂಗಡಿಯಲ್ಲಿ ಸಿಗುವ, ಕರೆಂಟಿನಿಂದ ಕಾಯುವ ಬಿಸಿ ಕಲ್ಲು ಬೇಡವೇ ಬೇಡ. ಗಾಜಿಗೆ ಅಂಟಿಸುವ ಗಡಿಯಾರದಂಥ ಮೀಟರ್ ಗಾಜಿನ ಬಿಸಿ ಹೇಳುತ್ತದೆಯೇ ಹೊರತು ಪ್ರಾಣಿ ಕೂರುವ ಜಾಗದ್ದಲ್ಲ. ತಂತಿ ಇರುವ ಡಿಜಿಟಲ್ ಪ್ರೋಬ್ ತೆಗೆದುಕೊಳ್ಳಿ.

ರಾಯಚೂರು, ಕಲಬುರಗಿ ಕಡೆ ಬೇಸಿಗೆಯಲ್ಲಿ ಉಲ್ಟಾ ಕಷ್ಟ. ರೂಮೇ 38 ಇದ್ದಾಗ ತಂಪು ಬದಿ ಅನ್ನುವುದೇ ಇರುವುದಿಲ್ಲ. ಹಗಲು ಬಲ್ಬ್ ಆರಿಸಿ, ಟ್ಯಾಂಕನ್ನು ನೆಲಕ್ಕೆ ಇಳಿಸಿ, ಒದ್ದೆ ಬಟ್ಟೆ ಮುಚ್ಚಿದ ಮಣ್ಣಿನ ಮಡಕೆಯನ್ನು ಗೂಡಾಗಿ ಇಡಿ.

ಕರೆಂಟ್ ಹೋದರೆ? ಬಾಟಲಿಗೆ ಬಿಸಿ ನೀರು ತುಂಬಿ, ಟವೆಲ್ ಸುತ್ತಿ ಒಳಗಿಡಿ. ಅವತ್ತು ಊಟ ಹಾಕಬೇಡಿ.

ಎಷ್ಟು ದಿನ ಹಿಕ್ಕೆ ಹಾಕದಿದ್ದರೆ ಗಾಬರಿ ಪಡಬೇಕು?

ಮರಿ ಬಿಯರ್ಡೆಡ್ ಡ್ರ್ಯಾಗನ್ ದಿನಾ ಹಾಕುತ್ತದೆ. ದೊಡ್ಡದು ಎರಡು ಮೂರು ದಿನಕ್ಕೊಮ್ಮೆ, ಕೆಲವು ವಾರಕ್ಕೊಮ್ಮೆ. ಇಗ್ವಾನಾ ಹೆಚ್ಚುಕಡಿಮೆ ದಿನಾ. ಬಾಲ್ ಪೈಥಾನ್ ತಿಂಗಳು ಹಿಡಿದರೂ ಆಶ್ಚರ್ಯ ಇಲ್ಲ. ಅದರ ಬಿಳಿ ಯೂರೇಟ್ ಮಾತ್ರ ನಡುನಡುವೆ ಬರುತ್ತಿರುತ್ತದೆ.

ದಿನಗಳ ಲೆಕ್ಕಕ್ಕಿಂತ ಅದರ ಮಾಮೂಲಿ ಲಯ ತಪ್ಪಿದೆಯಾ ಅಂತ ನೋಡಿ. ತಿನ್ನುತ್ತಿದೆ, ಓಡಾಡುತ್ತಿದೆ, ಹೊಟ್ಟೆ ಮೆತ್ತಗಿದೆ ಅಂದರೆ ಕಾಯಿರಿ. ಮುಕ್ಕುತ್ತಿದೆ, ಏನೂ ಬರುತ್ತಿಲ್ಲ, ಊಟ ಬಿಟ್ಟಿದೆ, ಹೊಟ್ಟೆಯಲ್ಲಿ ಗಟ್ಟಿ ಉಂಡೆ ಸಿಗುತ್ತಿದೆ, ಹಿಂಗಾಲು ಎಳೆಯುತ್ತಿದೆ ಅಂದರೆ ಕಾಯಬೇಡಿ. ಹೆಣ್ಣಾಗಿದ್ದರೆ ಮೊಟ್ಟೆ ಸಿಕ್ಕಿಕೊಂಡಿರುವ ಸಾಧ್ಯತೆಯೂ ಇದೆ. ಗಂಡಿನ ಜೊತೆ ಬಿಡದಿದ್ದರೂ ಹೆಣ್ಣು ಹಲ್ಲಿಗಳು ಮೊಟ್ಟೆ ಕಟ್ಟುತ್ತವೆ, ಇದು ಬಹಳ ಜನರಿಗೆ ಗೊತ್ತಿರುವುದಿಲ್ಲ.

ಮರಳು ಹಾಕಿದ್ದೆ. ಅದೇ ಹೊಟ್ಟೆಯಲ್ಲಿ ಕಟ್ಟಿಕೊಂಡಿದೆಯಾ?

ಇರಬಹುದು. ಆದರೆ ಮರಳನ್ನು ಮಾತ್ರ ಬೈದು ಸುಮ್ಮನಾಗಬೇಡಿ. ಬಿಸಿ ಸರಿಯಿದ್ದು, ಮೈಯಲ್ಲಿ ನೀರಿದ್ದು, ಕ್ಯಾಲ್ಸಿಯಂ ಸಾಕಷ್ಟಿದ್ದ ಪ್ರಾಣಿ ನಾಲ್ಕು ಕಣ ಮರಳು ನುಂಗಿದರೆ ಅದು ಹಿಕ್ಕೆಯಲ್ಲಿ ಹೊರಗೆ ಹೋಗುತ್ತದೆ. ಕರುಳು ನಿಧಾನ ಆಗಿರುವ ಪ್ರಾಣಿಯಲ್ಲಿ ಅದು ಅಲ್ಲೇ ಕೂರುತ್ತದೆ. ಕ್ಯಾಲ್ಸಿಯಂ ಕಡಿಮೆಯಾದರೆ ಮೂಳೆ ಮೆತ್ತಗಾಗುವುದಷ್ಟೇ ಅಲ್ಲ, ಕರುಳಿನ ಸ್ನಾಯುವೂ ಸೋಲುತ್ತದೆ. ಮತ್ತೆ ಕ್ಯಾಲ್ಸಿಯಂ ಕೊರತೆ ಇರುವ ಹಲ್ಲಿ ಮಣ್ಣು ಮರಳು ನೆಕ್ಕುವುದೂ ಉಂಟು. ಹೀಗೆ ಒಂದಕ್ಕೊಂದು ಸೇರಿಕೊಳ್ಳುತ್ತದೆ.

"ಕ್ಯಾಲ್ಸಿಯಂ ಮರಳು" ಅಂತ ಬಣ್ಣ ಬಣ್ಣದ್ದು ಮಾರುತ್ತಾರಲ್ಲ, ಅದು ಇನ್ನೂ ಕೆಟ್ಟದ್ದು. ಒದ್ದೆಯಾದರೆ ಉಂಡೆ ಕಟ್ಟುತ್ತದೆ. ಮರಿಗಳಿಗೂ ಕಾಯಿಲೆ ಬಿದ್ದ ಪ್ರಾಣಿಗಳಿಗೂ ಪೇಪರ್ ಟವೆಲ್ ಹಾಸಿ. ನೋಡಲು ಚೆನ್ನಾಗಿಲ್ಲ, ನಿಜ. ಆದರೆ ಹಿಕ್ಕೆ ಸ್ಪಷ್ಟವಾಗಿ ಕಾಣುತ್ತದೆ.

ಹರಳೆಣ್ಣೆ ಕೊಡಲಾ? ಮಕ್ಕಳಿಗೆ ಕೊಡುತ್ತಿದ್ದೆವಲ್ಲ.

ಬೇಡ. ಹರಳೆಣ್ಣೆಯೂ ಬೇಡ, ತುಪ್ಪವೂ ಬೇಡ, ಮೆಡಿಕಲ್ ಶಾಪಿನ ಲ್ಯಾಕ್ಸೆಟಿವ್ ಸಿರಪ್ಪೂ ಬೇಡ. ಸರೀಸೃಪದ ಶ್ವಾಸನಾಳದ ಬಾಯಿ ನಾಲಿಗೆಯ ಹಿಂದೆಯೇ, ಕಣ್ಣಿಗೆ ಕಾಣುವಷ್ಟು ಮುಂದೆ ಇರುತ್ತದೆ. ಎಣ್ಣೆ ಅಲ್ಲಿ ಜಾರಿದರೆ ನ್ಯುಮೋನಿಯಾ. ಬೆಚ್ಚಗಿನ ಸ್ನಾನ, ಹೊಟ್ಟೆಯ ಮೇಲೆ ತಲೆಯಿಂದ ಬಾಲದ ಕಡೆಗೆ ಮೆಲ್ಲಗೆ ಬೆರಳಾಡಿಸುವುದು, ಸರಿಯಾದ ಬಿಸಿ. ಒಂದೆರಡು ದಿನದಲ್ಲಿ ಇದಕ್ಕೆ ಬಗ್ಗದಿದ್ದರೆ ಎಕ್ಸ್‌ರೇ ಬೇಕು.

ನಮ್ಮ ಮಾರ್ಕೆಟ್‌ನಲ್ಲಿ ಸಿಗುವ ಯಾವ ಸೊಪ್ಪು ಒಳ್ಳೆಯದು?

ಇದಕ್ಕೆ ಉತ್ತರ ಕೊಡುವುದು ಖುಷಿಯ ಕೆಲಸ. ಹೊರದೇಶದ ಪಟ್ಟಿಗಳಲ್ಲಿ ಕಾಲಾರ್ಡ್, ಡ್ಯಾಂಡೆಲಿಯನ್ ಅಂತ ಬರೆದಿರುತ್ತಾರೆ, ಜನ ಅದನ್ನು ಹುಡುಕಿಕೊಂಡು ದುಬಾರಿ ಅಂಗಡಿಗಳಿಗೆ ಹೋಗುತ್ತಾರೆ. ನಮ್ಮ ಹಿತ್ತಲಲ್ಲಿ ಅದಕ್ಕಿಂತ ಒಳ್ಳೆಯದಿದೆ.

ಇಗ್ವಾನಾಗೂ ಆಮೆಗೂ ದಾಸವಾಳದ ಎಲೆ, ಹೂವು ಎರಡೂ ಚೆನ್ನ. ನುಗ್ಗೆ ಸೊಪ್ಪಲ್ಲಿ ಕ್ಯಾಲ್ಸಿಯಂ ತುಂಬ ಇದೆ, ಬೇರೆ ಸೊಪ್ಪಿನ ಜೊತೆ ಬೆರೆಸಿ ಕೊಡಿ. ಹಿಪ್ಪುನೇರಳೆ ಎಲೆ ಸಿಕ್ಕರೆ ಬಿಡಬೇಡಿ. ರಾಮನಗರ, ಕೋಲಾರ, ಚಿಕ್ಕಬಳ್ಳಾಪುರದ ಕಡೆಯವರಿಗೆ ಅದು ಹೊಲದ ಬದುವಿನಲ್ಲೇ ಸಿಗುತ್ತದೆ. ಔಷಧ ಹೊಡೆದು ಎಷ್ಟು ದಿನ ಆಯಿತು ಅಂತ ರೈತರನ್ನು ಕೇಳಿ ತನ್ನಿ. ಪಾಪಾಸುಕಳ್ಳಿಯ ಎಲೆ, ಮುಳ್ಳು ಸುಟ್ಟು ತೆಗೆದದ್ದು, ಸುಲ್ಕಾಟಾಗೆ ಹಬ್ಬ. ನೀರೂ ನಾರೂ ಒಟ್ಟಿಗೆ ಸಿಗುತ್ತದೆ. ಸಿಹಿಗುಂಬಳ ತುರಿದು ಹಾಕಿದರೆ ಕರುಳು ಸಡಿಲ ಆಗುತ್ತದೆ.

ಪಾಲಕ್ ಮತ್ತು ದಂಟು, ಹರಿವೆ ಜಾತಿಯ ಸೊಪ್ಪುಗಳಲ್ಲಿ ಆಕ್ಸಲೇಟ್ ಜಾಸ್ತಿ, ಅದು ಕ್ಯಾಲ್ಸಿಯಂ ಹಿಡಿದುಕೊಂಡು ಬಿಡುವುದಿಲ್ಲ. ಅಪರೂಪಕ್ಕೆ ಒಂದು ಎಲೆ ಆದೀತು, ದಿನದ ಊಟ ಆಗಬಾರದು. ಸೌತೆಕಾಯಿ ಬರೀ ನೀರು. ಬೇಸಿಗೆಯಲ್ಲಿ ಎರಡು ಹೋಳು ಕೊಡಿ, ಹೊಟ್ಟೆ ತುಂಬಿಸಲು ಕೊಡಬೇಡಿ. ಬೆಣ್ಣೆಹಣ್ಣು ವಿಷ, ಯಾವ ಸರೀಸೃಪಕ್ಕೂ ಬೇಡ.

ಸುಲ್ಕಾಟಾ ಆಮೆ ಸಹಾರಾದ ದಕ್ಷಿಣದ ಅಂಚಿನ ಹುಲ್ಲುಗಾವಲಿನದು. ಅದರ ಊಟದ ಬಹುಪಾಲು ಹುಲ್ಲೇ ಆಗಬೇಕು: ಗರಿಕೆ, ನೇಪಿಯರ್, ಒಣಹುಲ್ಲು. ಟೊಮೆಟೊ, ಬಾಳೆಹಣ್ಣು ಕೊಟ್ಟರೆ ಅದು ಓಡಿ ಬಂದು ತಿನ್ನುತ್ತದೆ, ನಮಗೂ ಖುಷಿ. ಆಮೇಲೆ ಭೇದಿ. ಹುಲ್ಲು ಅರಗಿಸುವ ಸೂಕ್ಷ್ಮಜೀವಿಗಳು ಕರುಳಿನ ಹಿಂಭಾಗದಲ್ಲಿ ಇರುತ್ತವೆ, ಸಕ್ಕರೆ ಬಿದ್ದರೆ ಅವುಗಳ ಸಮತೋಲ ಕೆಡುತ್ತದೆ. ಇಗ್ವಾನಾದ್ದೂ ಇದೇ ಏರ್ಪಾಡು. ಕಾಡಿನಲ್ಲಿ ಇಗ್ವಾನಾ ಮರಿಗಳು ದೊಡ್ಡವುಗಳ ಹಿಕ್ಕೆ ತಿಂದು ಆ ಸೂಕ್ಷ್ಮಜೀವಿಗಳನ್ನು ಪಡೆಯುತ್ತವೆ!

ಇಗ್ವಾನಾಗೆ ಮೊಟ್ಟೆ, ಚಿಕನ್ ಕೊಟ್ಟರೆ ಬೇಗ ಬೆಳೆಯುತ್ತದಂತೆ?

ಬೇಗ ಬೆಳೆಯಬಹುದು, ಬೇಗ ಸಾಯಲೂಬಹುದು. ಇಗ್ವಾನಾ ಪೂರ್ತಿ ಸಸ್ಯಾಹಾರಿ. ಮಾಂಸದ ಪ್ರೋಟೀನ್‌ನಿಂದ ಯೂರಿಕ್ ಆಮ್ಲ ಏರುತ್ತದೆ, ಜೊತೆಗೆ ನೀರೂ ಕಡಿಮೆ ಇದ್ದರೆ ಅದು ಹರಳಾಗಿ ಕಿಡ್ನಿಯಲ್ಲಿ, ಕೀಲುಗಳಲ್ಲಿ, ಹೃದಯದ ಸುತ್ತ ಕೂರುತ್ತದೆ. ಇದೇ ಗೌಟ್. ಗೊತ್ತಾಗುವ ಹೊತ್ತಿಗೆ ಬಹಳ ಸಲ ತಡವಾಗಿರುತ್ತದೆ.

ಇಗ್ವಾನಾ ಸೀನಿದಾಗ ಗಾಜಿನ ಮೇಲೆ ಬಿಳಿ ಪುಡಿ ಬೀಳುತ್ತದೆ. ನೆಗಡಿಯಾ?

ಅಲ್ಲ, ಉಪ್ಪು. ಅದರ ಮೂಗಿನಲ್ಲಿ ಉಪ್ಪು ಹೊರಹಾಕುವ ಗ್ರಂಥಿಗಳಿವೆ. ನೀರು ಖರ್ಚು ಮಾಡದೆ ಹೆಚ್ಚಿನ ಲವಣ ತೆಗೆಯುವ ಉಪಾಯ ಅದು. ಗಾಜು ಒರೆಸಿ, ಮುಗಿಯಿತು. ಮೂಗಿನಿಂದ ಗುಳ್ಳೆ ಅಥವಾ ಲೋಳೆ ಬಂದರೆ, ಬಾಯಿ ತೆರೆದು ಉಸಿರಾಡಿದರೆ ಮಾತ್ರ ನೆಗಡಿಯ ಚಿಂತೆ.

ಬಿಯರ್ಡೆಡ್ ಡ್ರ್ಯಾಗನ್‌ಗೆ ಯಾವ ಹುಳು ಕೊಟ್ಟರೆ ಹೊಟ್ಟೆಗೆ ಹಗುರ?

ರೇಷ್ಮೆ ಹುಳು. ಮೈ ಮೆತ್ತಗೆ, ಕೊಬ್ಬು ಕಡಿಮೆ, ತೂಕದ ನಾಲ್ಕು ಭಾಗದಲ್ಲಿ ಮೂರಕ್ಕಿಂತ ಹೆಚ್ಚು ನೀರೇ. ನೀರು ಕುಡಿಯದ ಹಲ್ಲಿಗೆ ನೀರು ಕುಡಿಸುವ ಒಳ್ಳೆ ಉಪಾಯ. ಹೊರದೇಶದಲ್ಲಿ ಇದಕ್ಕೆ ಕೈತುಂಬ ಹಣ ಕೊಡುತ್ತಾರೆ, ನಮ್ಮಲ್ಲಿ ರೇಷ್ಮೆ ಬೆಳೆಯುವ ಪರಿಚಯದವರಿದ್ದರೆ ಸಾಕು. ಒಂದೇ ಎಚ್ಚರಿಕೆ. ಸಾಕಣೆ ಮನೆಯಲ್ಲಿ ಹುಳುಗಳ ಮೇಲೆ ಸುಣ್ಣ ಬೆರೆತ ಸೋಂಕುನಿವಾರಕ ಪುಡಿ ಉದುರಿಸುತ್ತಾರೆ. ಪುಡಿ ಹಾಕದ ಹುಳು ಕೇಳಿ ತನ್ನಿ, ಮನೆಯಲ್ಲಿ ಒಂದೆರಡು ದಿನ ಹೊಸ ಸೊಪ್ಪು ಹಾಕಿ ಇಟ್ಟುಕೊಂಡು ಆಮೇಲೆ ಕೊಡಿ.

ಜಿರಳೆ ಕೊಡುವುದಾದರೆ ಇದಕ್ಕೆಂದೇ ಸಾಕಿದ ಡೂಬಿಯಾ ಜಿರಳೆ. ಬಚ್ಚಲಿನದಲ್ಲ, ಅದು ಯಾವ ಔಷಧ ತಿಂದು ಬಂದಿದೆಯೋ. ಸೂಪರ್‌ವರ್ಮ್ (ಒಂದು ಜಾತಿಯ ದುಂಬಿಯ ಮರಿಹುಳು) ಚಿಪ್ಪು ಗಟ್ಟಿ, ಕೊಬ್ಬು ಜಾಸ್ತಿ, ದೊಡ್ಡ ಹಲ್ಲಿಗೆ ಅಪರೂಪಕ್ಕೆ. ಹುಳುವಿನ ಉದ್ದ ಹಲ್ಲಿಯ ಎರಡು ಕಣ್ಣುಗಳ ನಡುವಿನ ಅಂತರ ಮೀರಬಾರದು ಅನ್ನುವ ಹಳೆಯ ಅಳತೆ ಮರಿಗಳಿಗೆ ಚೆನ್ನಾಗಿ ಹೊಂದುತ್ತದೆ.

ಮಲೆನಾಡಿನವರಿಗೆ ಒಂದು ಮಾತು: ಮಿಣುಕು ಹುಳು ಹತ್ತಿರ ಬರಲೂ ಬಿಡಬೇಡಿ. ಅಮೆರಿಕದಲ್ಲಿ ಅಲ್ಲಿನ ಮಿಣುಕು ಹುಳು ತಿಂದು ಬಿಯರ್ಡೆಡ್ ಡ್ರ್ಯಾಗನ್‌ಗಳು ಸತ್ತದ್ದು ದಾಖಲಾಗಿದೆ. ಒಂದು ಹುಳುವೇ ಸಾಕು. ಇಲ್ಲಿನ ಹುಳುವನ್ನು ಪರೀಕ್ಷೆ ಮಾಡಲು ನಮ್ಮ ಹಲ್ಲಿಯೇ ಬೇಕಾ?

ಹಾವಿಗೆ ಹಾಲು ಕುಡಿಸಬಹುದಾ? ಆಮೆಗೆ ಮೊಸರನ್ನ?

ಬೇಡ, ಎರಡೂ ಬೇಡ. ಹಾಲಿನ ಸಕ್ಕರೆಯನ್ನು ಒಡೆಯುವ ಕಿಣ್ವ ಇರುವುದು ಮೊಲೆಹಾಲು ಕುಡಿದು ಬೆಳೆಯುವ ಪ್ರಾಣಿಗಳಲ್ಲಿ. ಮೊಟ್ಟೆಯಿಂದ ಬಂದು, ಹುಟ್ಟಿದ ದಿನದಿಂದ ತನ್ನ ಬೇಟೆ ತಾನೇ ಆಡುವ ಹಾವಿಗೆ ಹಾಲಿನ ಸಂಬಂಧವೇ ಇಲ್ಲ.

"ನಾಗರ ಪಂಚಮಿಗೆ ಕುಡಿಯುತ್ತದಲ್ಲ, ಕಣ್ಣಾರೆ ನೋಡಿದ್ದೇನೆ" ಅನ್ನುವವರಿದ್ದಾರೆ. ಹಬ್ಬಕ್ಕೆ ಮುಂಚೆ ಹಾವನ್ನು ದಿನಗಟ್ಟಲೆ ನೀರಿಲ್ಲದೆ ಬುಟ್ಟಿಯಲ್ಲಿ ಇಟ್ಟಿರುತ್ತಾರೆ. ಅಷ್ಟು ಬಾಯಾರಿದ ಹಾವು ಮುಂದೆ ಇಟ್ಟ ಯಾವ ದ್ರವವನ್ನಾದರೂ ಕುಡಿಯುತ್ತದೆ. ಆಮೇಲೆ ಹೊಟ್ಟೆ ಕೆಟ್ಟೋ, ಹಾಲು ಶ್ವಾಸಕೋಶಕ್ಕೆ ಇಳಿದೋ ಒದ್ದಾಡುತ್ತದೆ, ಅದನ್ನು ನೋಡಲು ನಾವು ಅಲ್ಲಿರುವುದಿಲ್ಲ. ಕಲ್ಲಿನ ನಾಗನಿಗೆ ತನಿ ಎರೆಯಿರಿ, ಯಾರದೂ ತಕರಾರಿಲ್ಲ. ಜೀವಂತ ನಾಗರಹಾವನ್ನು ಹಿಡಿದು ಇಟ್ಟುಕೊಳ್ಳುವುದು 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಪ್ರಕಾರ ಅಪರಾಧ.

ಮೊಸರನ್ನ, ಚಪಾತಿ, ಬ್ರೆಡ್, ನಾಯಿ ಬಿಸ್ಕೆಟ್ ಎಲ್ಲಕ್ಕೂ ಇದೇ ಉತ್ತರ.

ಬಾಲ್ ಪೈಥಾನ್ ನುಂಗಿದ ಇಲಿಯನ್ನು ವಾಪಸ್ ಕಾರಿತು. ಮತ್ತೆ ಕೊಡಲಾ?

ಈಗಲೇ ಕೊಡಬೇಡಿ. ಕಾರುವಾಗ ಹೊಟ್ಟೆಯ ಆಮ್ಲ ಅನ್ನನಾಳವನ್ನು ಸುಟ್ಟಿರುತ್ತದೆ. ಅದು ಮಾಯಲು ಬಿಡಿ. ನೀರು ಸದಾ ಇರಲಿ, ಎರಡು ವಾರ ಊಟ ಬೇಡ. ಆಮೇಲೆ ಮಾಮೂಲಿಗಿಂತ ಅರ್ಧ ಗಾತ್ರದ್ದು ಕೊಡಿ.

ಕಾರಣ ಸಾಮಾನ್ಯವಾಗಿ ನಾಲ್ಕರಲ್ಲಿ ಒಂದು: ಊಟವಾದ 48 ಗಂಟೆಯೊಳಗೆ ಎತ್ತಿ ಆಡಿಸಿದ್ದು, ಬಿಸಿ ಸಾಲದ್ದು, ಇಲಿ ದೊಡ್ಡದಾದದ್ದು, ಫ್ರೀಜರ್ ಇಲಿ ಒಳಗೆ ಪೂರ್ತಿ ಕರಗದೆ ಇದ್ದದ್ದು. ಇಲಿ ಹಾವಿನ ನಡುಭಾಗದಷ್ಟೇ ದಪ್ಪ ಇರಲಿ. ಎರಡನೇ ಸಲವೂ ಕಾರಿದರೆ ಹುಳು ಅಥವಾ ಸೋಂಕು ಇರಬಹುದು, ಡಾಕ್ಟರ್ ನೋಡಲಿ.

ಕಾರುವುದು ಬೇರೆ, ತಿನ್ನದಿರುವುದು ಬೇರೆ. ಚಳಿಗಾಲದಲ್ಲಿ ದೊಡ್ಡ ಬಾಲ್ ಪೈಥಾನ್‌ಗಳು ಎರಡು ಮೂರು ತಿಂಗಳು ಉಪವಾಸ ಕೂರುವುದು ಮಾಮೂಲು. ತೂಕ ನೋಡುತ್ತಿರಿ. ಹತ್ತರಲ್ಲಿ ಒಂದು ಭಾಗ ಇಳಿದರೆ ಆಗ ಯೋಚಿಸಬೇಕು.

ಸ್ಲೈಡರ್ ಆಮೆ ಟಬ್‌ನ ಹೊರಗೆ ಇಟ್ಟ ಊಟ ತಿನ್ನುವುದೇ ಇಲ್ಲ.

ತಿನ್ನಲಾಗುವುದಿಲ್ಲ. ನೀರಿನ ಸಹಾಯವಿಲ್ಲದೆ ಅದು ನುಂಗಲಾರದು. ಊಟ ನೀರಲ್ಲೇ ಕೊಡಿ. ಅದು ತಿನ್ನುವುದು, ಕುಡಿಯುವುದು, ಹೇಲುವುದು ಎಲ್ಲ ಅದೇ ನೀರಲ್ಲಿ ಅನ್ನುವುದು ನೆನಪಿರಲಿ. ಫಿಲ್ಟರ್ ಇಲ್ಲದ ಸಣ್ಣ ಡಬ್ಬಿಯಲ್ಲಿ ಪ್ಲಾಸ್ಟಿಕ್ ತೆಂಗಿನ ಮರದ ಕೆಳಗೆ ಕೂತ ಆಮೆಗೆ ಹೊಟ್ಟೆ ಸರಿ ಇರುವುದು ಹೇಗೆ?

ನೀರು 24-27 ಡಿಗ್ರಿ, ಮೇಲೆ ಹತ್ತಿ ಕೂರಲು ಒಣ ಜಾಗ, ಅಲ್ಲಿ ಬಿಸಿ ಬಲ್ಬ್ ಮತ್ತು ಯುವಿಬಿ (ಬಿಸಿಲಿನಲ್ಲಿರುವಂಥ ಅತಿನೇರಳೆ ಕಿರಣದ) ಬಲ್ಬ್. ತಳದಲ್ಲಿ ಸಣ್ಣ ಕಲ್ಲು ಹಾಕಬೇಡಿ, ನುಂಗುತ್ತದೆ. ಆಮೆಯ ತಲೆಗಿಂತ ದೊಡ್ಡ ಕಲ್ಲು ಇರಲಿ ಅಥವಾ ಏನೂ ಬೇಡ. ಒಣ ಸೀಗಡಿಯೊಂದನ್ನೇ ತಿಂದು ಬೆಳೆದ ಆಮೆಗೆ ವಿಟಮಿನ್ ಎ ಕೊರತೆಯಿಂದ ಕಣ್ಣು ಊದಿ ಮುಚ್ಚಿಕೊಳ್ಳುತ್ತದೆ, ಕಣ್ಣು ಕಾಣದೆ ಊಟವನ್ನೂ ಬಿಡುತ್ತದೆ. ಪೆಲೆಟ್, ಸೊಪ್ಪು, ಆಗಾಗ ಇಡೀ ಸಣ್ಣ ಮೀನು ಕೊಡಿ. ಸಾಕಾಯಿತು ಅಂತ ಕೆರೆಗೆ ಮಾತ್ರ ಬಿಡಬೇಡಿ. ಅಲ್ಲಿನ ನಮ್ಮ ಆಮೆಗಳ ಜಾಗ ಕಿತ್ತುಕೊಳ್ಳುತ್ತದೆ.

ಸುಲ್ಕಾಟಾ ಮರುಭೂಮಿ ಪ್ರಾಣಿ ತಾನೇ, ನೀರು ಯಾಕೆ?

ಆ ಒಣ ನಾಡಿನಲ್ಲಿ ಅದು ಆಳದ ಬಿಲ ತೋಡಿ ತೇವದಲ್ಲಿ ಮಲಗುತ್ತದೆ. ನಮ್ಮ ಟೈಲ್ಸ್ ನೆಲದಲ್ಲಿ ಬಿಲ ಎಲ್ಲಿ? ಮರಿಗಳ ಚಿಪ್ಪು ಗುಡ್ಡ ಗುಡ್ಡವಾಗಿ ಏಳುವುದು ಪ್ರೋಟೀನ್ ಜಾಸ್ತಿಯಾಗಿ ಅಂತ ಮೊದಲೆಲ್ಲ ಹೇಳುತ್ತಿದ್ದರು. 2003ರಲ್ಲಿ ಪ್ರಕಟವಾದ ಒಂದು ಅಧ್ಯಯನ ಸುಲ್ಕಾಟಾ ಮರಿಗಳನ್ನೇ ಬೆಳೆಸಿ ನೋಡಿ, ಪ್ರೋಟೀನ್‌ಗಿಂತ ಒಣ ಹವೆಯದೇ ದೊಡ್ಡ ಪಾತ್ರ ಅಂತ ತೋರಿಸಿತು. ಮರಿಗಳನ್ನು ದಿನಾ ಸ್ವಲ್ಪ ಹೊತ್ತು ಬೆಚ್ಚಗಿನ ನೀರಲ್ಲಿ ನಿಲ್ಲಿಸಿ. ನೀರಿನ ಎತ್ತರ ಗದ್ದದ ಕೆಳಗೆ ಇರಲಿ.

ನೀರು ಕಡಿಮೆಯಾದ ಆಮೆಗೆ ಇನ್ನೊಂದು ಅಪಾಯ ಮೂತ್ರಚೀಲದ ಕಲ್ಲು. ಯೂರೇಟ್ ಪದರ ಪದರವಾಗಿ ಕಟ್ಟಿ ಕಲ್ಲಾಗುತ್ತದೆ, ಮಲದ ದಾರಿಯನ್ನೂ ಒತ್ತುತ್ತದೆ. ಮಲಬದ್ಧತೆ ಅಂತ ನಾವು ಅಂದುಕೊಂಡಿರುತ್ತೇವೆ. ಎಕ್ಸ್‌ರೇಯಲ್ಲಿ ದೊಡ್ಡ ಬಿಳಿ ಉಂಡೆ ಕಾಣುತ್ತದೆ.

ಜಂತುಹುಳುವಿಗೆ ಮನೆಯಲ್ಲೇ ಔಷಧ ಕೊಡಬಹುದಾ?

ಕೊಡಬೇಡಿ. ಐವರ್‌ಮೆಕ್ಟಿನ್ ಆಮೆಗಳನ್ನು ಕೊಲ್ಲುತ್ತದೆ. ನಾಯಿ, ದನಗಳಿಗೆ ಮಾಮೂಲಾಗಿ ಕೊಡುವ ಔಷಧ, ಯಾರದೋ ಮನೆಯಲ್ಲಿ ಇದ್ದೇ ಇರುತ್ತದೆ, ಅದಕ್ಕೇ ಇಷ್ಟು ಒತ್ತಿ ಹೇಳುವುದು.

ಅದೂ ಅಲ್ಲದೆ, ಕರುಳಲ್ಲಿ ನಾಲ್ಕು ಪಿನ್‌ವರ್ಮ್ (ಸಣ್ಣ ಜಂತುಹುಳು) ಇದ್ದರೆ ಅದು ರೋಗ ಅಂತಲ್ಲ. ಸಂಖ್ಯೆ ಮಿತಿ ಮೀರಿದಾಗ, ಅಥವಾ ಬಿಯರ್ಡೆಡ್ ಡ್ರ್ಯಾಗನ್ ಮರಿಗಳಲ್ಲಿ ಕಾಕ್ಸಿಡಿಯಾ ಅನ್ನುವ ಕಣ್ಣಿಗೆ ಕಾಣದ ಪರಾವಲಂಬಿ ಹೆಚ್ಚಿದಾಗ, ನಾರುವ ನೀರು ಭೇದಿ ಶುರುವಾಗುತ್ತದೆ. ಲೆಪರ್ಡ್ ಗೆಕ್ಕೊದ ದಪ್ಪ ಬಾಲ ಕಡ್ಡಿಯಂತಾದರೆ ಕ್ರಿಪ್ಟೊಸ್ಪೊರಿಡಿಯಂ ಅನ್ನುವ ಇನ್ನೊಂದು ಪರಾವಲಂಬಿಯ ಅನುಮಾನ ಪಡಬೇಕು. ಅದು ಇತರ ಗೆಕ್ಕೊಗಳಿಗೂ ಹರಡುತ್ತದೆ, ಕೂಡಲೇ ಬೇರೆ ಇಡಿ. ಯಾವುದಕ್ಕೂ ಮೊದಲು ಹಿಕ್ಕೆ ಪರೀಕ್ಷೆ.

ಊಟ ಬಿಟ್ಟು ಸೊರಗಿದೆ. ಬಾಯಿಗೆ ತುರುಕಿ ತಿನ್ನಿಸಲಾ?

ಸೊರಗಿದ ಪ್ರಾಣಿಯನ್ನು ಕಂಡರೆ ಮೊದಲು ಊಟ ಹಾಕಬೇಕು ಅನ್ನಿಸುವುದು ನಮ್ಮ ಸ್ವಭಾವ. ಇಲ್ಲಿ ಕ್ರಮ ಬೇರೆ. ಮೊದಲು ಬಿಸಿ, ಆಮೇಲೆ ನೀರು, ಕೊನೆಗೆ ಊಟ. ತಣ್ಣಗಿರುವ, ಮೈ ಒಣಗಿರುವ ಪ್ರಾಣಿಯ ಹೊಟ್ಟೆಗೆ ಊಟ ತುರುಕಿದರೆ ಅದನ್ನು ಅರಗಿಸಲು ಬೇಕಾದ ನೀರೂ ಅದರಲ್ಲಿರುವುದಿಲ್ಲ. ಬಹಳ ದಿನ ಉಪವಾಸವಿದ್ದ ಪ್ರಾಣಿಗೆ ಒಮ್ಮೆಲೇ ಹೊಟ್ಟೆ ತುಂಬ ಕೊಟ್ಟರೆ ರಕ್ತದ ಲವಣಗಳು ಏರುಪೇರಾಗಿ ಸಾವೂ ಬರಬಹುದು.

ಒಂದೆರಡು ದಿನ ಸರಿಯಾದ ಬಿಸಿಯಲ್ಲಿ ಇಡಿ. ದಿನಾ ಸ್ನಾನ ಮಾಡಿಸಿ, ಮೂಗಿಗೆ ಹನಿ ಬಿಡಿ. ಎಷ್ಟೋ ಪ್ರಾಣಿಗಳು ಇಷ್ಟಕ್ಕೇ ತಾವಾಗಿ ಬಾಯಿ ಹಾಕುತ್ತವೆ. ಆಗದಿದ್ದರೆ ಡಾಕ್ಟರು ಚರ್ಮದಡಿ ಸಲೈನ್ ಕೊಟ್ಟು, ಆಮೇಲೆ ಟ್ಯೂಬ್ ಮೂಲಕ ತೆಳ್ಳನೆ ಆಹಾರ ಶುರು ಮಾಡುತ್ತಾರೆ. ನಾವು ಕುಡಿಯುವ ಓಆರ್‌ಎಸ್ ಪುಡಿಯನ್ನು ಅಂದಾಜಲ್ಲಿ ಕಲಸಿ ಕೊಡಬೇಡಿ.

ನಮ್ಮ ಮನೆಯಲ್ಲಿ ನಕ್ಷತ್ರ ಆಮೆ ಇದೆ. ಅದಕ್ಕೂ ಇದೇ ಕ್ರಮವಾ?

ನಕ್ಷತ್ರ ಆಮೆಯನ್ನು ಮನೆಯಲ್ಲಿ ಇಟ್ಟುಕೊಳ್ಳುವುದೇ ಅಪರಾಧ, ಅದೃಷ್ಟ ತರುತ್ತದೆ ಅಂತ ಯಾರು ಹೇಳಿದ್ದರೂ ಸರಿ. ಅರಣ್ಯ ಇಲಾಖೆಗೆ ತಿಳಿಸಿ ಒಪ್ಪಿಸಿ. ಬಾಲ್ ಪೈಥಾನ್, ಇಗ್ವಾನಾ, ಸುಲ್ಕಾಟಾದಂಥ ವಿದೇಶಿ ಜಾತಿಗಳಿಗೂ ವನ್ಯಜೀವಿ ಕಾಯ್ದೆಗೆ 2022ರ ತಿದ್ದುಪಡಿಯಾದ ಮೇಲೆ ನೋಂದಣಿ ಕಡ್ಡಾಯ. ಕೇಂದ್ರ ಪರಿಸರ ಸಚಿವಾಲಯದ ಪರಿವೇಷ್ ಪೋರ್ಟಲ್‌ನಲ್ಲಿ ಮಾಡಿಸಬೇಕು.

ಯಾವಾಗ ತಡ ಮಾಡದೆ ಡಾಕ್ಟರ ಹತ್ತಿರ ಓಡಬೇಕು? ಏನು ತೆಗೆದುಕೊಂಡು ಹೋಗಲಿ?

ಹಿಂಭಾಗದಿಂದ ಕೆಂಪು ಮಾಂಸದಂಥದ್ದು ಹೊರಗೆ ಬಂದು ಒಳಗೆ ಹೋಗದಿದ್ದರೆ ಅವತ್ತೇ, ಆ ಗಂಟೆಯೇ. ಅದು ಒಣಗಬಾರದು. ಸಕ್ಕರೆ ನೀರಲ್ಲಿ ಅದ್ದಿದ ಶುಭ್ರ ಬಟ್ಟೆ ಮುಚ್ಚಿ ಹೊರಡಿ, ಸಕ್ಕರೆ ಊತ ಎಳೆಯುತ್ತದೆ. ಕೈಯಿಂದ ಒಳಗೆ ತಳ್ಳಬೇಡಿ. ಹಿಕ್ಕೆಯಲ್ಲಿ ರಕ್ತ, ಹಿಂಗಾಲು ಸೋಲು, ಕಣ್ಣು ಒಳಗೆ ಹೋಗಿ ತಲೆ ಎತ್ತಲಾರದ ಸ್ಥಿತಿ, ಇವಕ್ಕೂ ಅದೇ ಅವಸರ.

ಸರೀಸೃಪ ನೋಡಿ ಅಭ್ಯಾಸವಿರುವ ಡಾಕ್ಟರು ಎಲ್ಲ ಊರಲ್ಲೂ ಇಲ್ಲ. ಕಾಯಿಲೆ ಬೀಳುವ ಮೊದಲೇ ಹುಡುಕಿ ನಂಬರ್ ಇಟ್ಟುಕೊಳ್ಳಿ. ಬೆಂಗಳೂರಿನ ಹೆಬ್ಬಾಳದಲ್ಲಿ, ಬೀದರಿನಲ್ಲಿ, ಹಾಸನ, ಶಿವಮೊಗ್ಗದಲ್ಲಿ ಪಶುವೈದ್ಯ ಕಾಲೇಜುಗಳಿವೆ, ಅಲ್ಲಿ ವಿಚಾರಿಸಬಹುದು.

ಹೋಗುವಾಗ ಹಿಕ್ಕೆ ಒಯ್ಯಿರಿ. 24 ಗಂಟೆಯೊಳಗಿನದು, ಜಿಪ್ ಕವರ್‌ನಲ್ಲಿ, ಫ್ರಿಜ್‌ನಲ್ಲಿ ಇಟ್ಟದ್ದು. ಕವರಿನ ಮೇಲೆ ದೊಡ್ಡದಾಗಿ ಬರೆಯಿರಿ, ಇಲ್ಲದಿದ್ದರೆ ಮನೆಯಲ್ಲಿ ಗಲಾಟೆ. ಟ್ಯಾಂಕಿನ ಫೋಟೊ, ಬಿಸಿ ಬದಿ ತಂಪು ಬದಿಯ ಡಿಗ್ರಿ, ಯುವಿಬಿ ಬಲ್ಬ್ ಯಾವಾಗ ಬದಲಿಸಿದ್ದು, ಕಳೆದ ತಿಂಗಳ ತೂಕ ಬರೆದ ಚೀಟಿ ಇರಲಿ. ಅಡಿಗೆಮನೆಯಲ್ಲಿ ಬಳಸುವಂಥ ಡಿಜಿಟಲ್ ತಕ್ಕಡಿಯೊಂದನ್ನು ಇದಕ್ಕೆಂದೇ ಬೇರೆ ಇಟ್ಟು ವಾರಕ್ಕೊಮ್ಮೆ ತೂಗಿದರೆ ಸಾಕು. ಪ್ರಾಣಿಯನ್ನು ಗಾಳಿ ಆಡುವ ಡಬ್ಬಿಯಲ್ಲಿ ಬಟ್ಟೆ ಹಾಸಿ ಕೂರಿಸಿ. ದೂರದ ದಾರಿಯಾದರೆ ಟವೆಲ್ ಸುತ್ತಿದ ಬಿಸಿ ನೀರಿನ ಬಾಟಲಿ ಪಕ್ಕಕ್ಕಿಡಿ. ಕಾರಿನ ಎಸಿ ಆರಿಸಿ.